ಟೊರಿನೊ ಮಾಪಕದ ಭಾಷೆ: ಒಂದು ವಿಮರ್ಶೆ

೨೦೨೫ನೆಯ ಇಸವಿಯ ಫೆಬ್ರವರಿ ತಿಂಗಳಿನಲ್ಲಿ ಸುಮಾರು ಮೂರು ವಾರಗಳ ಕಾಲ ನಮ್ಮ ಪತ್ರಿಕೆಗಳಲ್ಲಿಯೂ ದೂರದರ್ಶನ ವಾಹಿನಿಗಳಲ್ಲಿಯೂ ಒಂದು ಕಲ್ಲಿನ ಸುದ್ದಿ ಹರಿದಾಡಿತೆಂಬುದು ವಾಚಕರ ನೆನಪಿನಲ್ಲಿದ್ದೀತು. ೨೦೨೪ನೆಯ ಡಿಸೆಂಬರ್ ೨೭ರಂದು ಚಿಲಿ ದೇಶದಲ್ಲಿರುವ ಅಟ್ಲಾಸ್ ದೂರದರ್ಶಕಕ್ಕೆ ಗೋಚರವಾಗಿ '೨೦೨೪ ವೈಆರ್ ೪' ಎಂಬ ಹೆಸರನ್ನು ಪಡೆದ ಈ ಕ್ಷುದ್ರಗ್ರಹವು ೨೦೩೨ನೆಯ ಡಿಸೆಂಬರ್ ೨೨ರಂದು ಭೂಮಿಗೆ ತಗಲುವ ಸಂಭವವು ನೂರಕ್ಕೆ ಒಂದನ್ನು ಮೀರಿದೆಯೆಂದು ಜನವರಿಯ ಕೊನೆಯಲ್ಲಿ ಪ್ರಕಟವಾಯಿತು. ಫೆಬ್ರವರಿ ೧೮ರ ಹೊತ್ತಿಗೆ ಆ ಅಂಕಿಯು ನೂರಕ್ಕೆ ೩.೧ಕ್ಕೆ ಏರಿತು. ಎರಡು ದಿನಗಳೊಳಗಾಗಿ ಅರ್ಧ ಶತಾಂಶಕ್ಕಿಂತ ಕೆಳಗೆ ಬಿದ್ದಿತು, ೨೪ರಂದು ೦.೦೦೪ ಶತಾಂಶವಾಗಿ, ಲೆಕ್ಕದಿಂದಲೇ ಬಿಟ್ಟುಹೋಯಿತೆನ್ನಬಹುದು. ಕಲ್ಲು ಬೀಳಬಹುದಾದ ಪಟ್ಟಿಯು ಪೆಸಿಫಿಕ್ ಸಾಗರದ ಪೂರ್ವಭಾಗದಿಂದ ಹೊರಟು, ದಕ್ಷಿಣ ಅಮೆರಿಕದ ಉತ್ತರ, ಆಫ್ರಿಕಾ, ಅರಬ್ಬೀ ಸಮುದ್ರಗಳನ್ನು ಹಾಯ್ದು ದಕ್ಷಿಣ ಏಷ್ಯದವರೆಗೆ ಬಂದಿದ್ದುದರಿಂದ ಮುಂಬಯಿ, ಕೊಲ್ಕತ್ತ ನಗರಗಳ ಹೆಸರೂ ಸುದ್ದಿಯಲ್ಲಿ ಸೇರಿಕೊಂಡಿತು.

ಆ ದಿನಗಳಲ್ಲಿ ಹೊಸಪೇಟೆಯಲ್ಲಿ ಪಾಠ ಹೇಳುತ್ತಿದ್ದಾಗ, ಕಂಪ್ಲಿಯ ಕಡೆಯ ಒಬ್ಬ ವಿದ್ಯಾರ್ಥಿ ಎದ್ದು ನಿಂತು ಕೇಳಿದ ಪ್ರಶ್ನೆ ಈ ಲೇಖನಕ್ಕೆ ಕಾರಣವಾಯಿತು. "ಸರ್, ನೂರಕ್ಕೆ ಮೂರು ಅಂದ್ರ ನೀರು ಬಿಡತೀವಿ ಅಂದಂಗೋ, ಬಿಟ್ಟರೂ ಬಿಡಬಹುದು ಅಂದಂಗೋ?" ತರಗತಿಯಲ್ಲಿ ನಗು ಎದ್ದಿತು. ನಾನು ಮಾತ್ರ ನಗಲಾರದೆ ಹೋದೆ. ಏಕೆಂದರೆ ಆ ಪ್ರಶ್ನೆಗೆ ನನ್ನಲ್ಲಿ ಉತ್ತರವಿರಲಿಲ್ಲ. ತುಂಗಭದ್ರೆಯ ದಡದಲ್ಲಿ ಬೆಳೆದವನಿಗೆ ಎಚ್ಚರಿಕೆಯ ಮಾತಿನಲ್ಲಿ ಎಷ್ಟು ಬಗೆಗಳಿವೆಯೆಂಬುದು ಗೊತ್ತಿದೆ. ಜಗತ್ತಿನ ದೊಡ್ಡ ವಿಜ್ಞಾನ ಸಂಸ್ಥೆಗಳು ಹೊರಡಿಸಿದ ಎಚ್ಚರಿಕೆಯು ಆ ಬಗೆಗಳಲ್ಲಿ ಯಾವುದಕ್ಕೆ ಸೇರಿದುದೆಂದು ಅವನಿಗೆ ತಿಳಿಯಲಿಲ್ಲ. ಅದು ಅವನ ತಪ್ಪೂ ಅಲ್ಲ.

ಖಗೋಳವಿಜ್ಞಾನವು ನನ್ನ ವಿಷಯವಲ್ಲವೆಂಬುದನ್ನು ಮೊದಲೇ ಒಪ್ಪಿಕೊಳ್ಳುತ್ತೇನೆ. ಗಣಿತದ ಸರಿತಪ್ಪುಗಳನ್ನು ವಿಚಾರಿಸುವುದು ಇಲ್ಲಿನ ಉದ್ದೇಶವಲ್ಲ; ಆ ಗಣಿತವು ಸರಿಯೆಂದೇ ನನ್ನ ನಂಬಿಕೆ. ಆದರೆ ಚರಿತ್ರೆಯನ್ನು ಓದುವವನಿಗೆ ಒಂದು ಶಾಸನವನ್ನು ಎದುರಿಗಿಟ್ಟುಕೊಂಡು ಇದನ್ನು ಹೊರಡಿಸಿದವರು ಯಾರು, ಯಾರನ್ನು ಕುರಿತು ಹೊರಡಿಸಿದರು, ಅದರ ಪಾಠ ಎಲ್ಲೆಲ್ಲಿ ತಿದ್ದಲ್ಪಟ್ಟಿದೆ ಎಂದು ಕೇಳುವ ಅಭ್ಯಾಸವಿರುತ್ತದೆ. ಆಕಾಶದಿಂದ ಬೀಳಬಹುದಾದ ಕಲ್ಲುಗಳ ಅಪಾಯವನ್ನು ಜನಕ್ಕೆ ತಿಳಿಸುವುದಕ್ಕಾಗಿ ರಚಿತವಾದ ಟೊರಿನೊ ಮಾಪಕವನ್ನು ಅಂಥದೊಂದು ಶಾಸನಪಾಠವೆಂದು ಭಾವಿಸಿ ಇಲ್ಲಿ ಪರಿಶೀಲಿಸಲಾಗಿದೆ.

ಈ ಮಾಪಕವನ್ನು ರೂಪಿಸಿದವರು ಅಮೆರಿಕದ ರಿಚರ್ಡ್ ಬಿಂಜೆಲ್. ಅದರ ಮೊದಲ ರೂಪವನ್ನು ಅವರು ೧೯೯೫ರಲ್ಲಿ ವಿಶ್ವಸಂಸ್ಥೆಯ ಒಂದು ಸಮ್ಮೇಳನದ ಮುಂದಿಟ್ಟರು; ೧೯೯೯ರ ಜೂನ್ ತಿಂಗಳಲ್ಲಿ ಇಟಲಿಯ ಟೊರಿನೊ ನಗರದಲ್ಲಿ ಸೇರಿದ ವಿದ್ವಾಂಸರು ಪರಿಷ್ಕೃತ ರೂಪವನ್ನು ಅಂಗೀಕರಿಸಿದುದರಿಂದ ಆ ಊರಿನ ಹೆಸರೇ ನಿಂತಿತು. ಈ ಅಂಗೀಕಾರದ ಹಿಂದೆ ಒಂದು ಮುಜುಗರದ ಪ್ರಸಂಗವಿದೆ. ೧೯೯೮ರ ಮಾರ್ಚ್ ೧೧ರಂದು '೧೯೯೭ ಎಕ್ಸ್‌ಎಫ್ ೧೧' ಎಂಬ ಕ್ಷುದ್ರಗ್ರಹವು ೨೦೨೮ರಲ್ಲಿ ಭೂಮಿಯ ತೀರ ಸಮೀಪಕ್ಕೆ ಬರುವುದೆಂದೂ, ತಗಲುವ ಸಂಭವವನ್ನು ತಳ್ಳಿಹಾಕುವಂತಿಲ್ಲವೆಂದೂ ಪ್ರಕಟಿಸಲಾಯಿತು. ಮರುದಿನವೇ ೧೯೯೦ರ ಹಳೆಯ ಛಾಯಾಚಿತ್ರಗಳಲ್ಲಿ ಅದೇ ಕಾಯವು ಸಿಕ್ಕಿ, ಲೆಕ್ಕವನ್ನು ಮತ್ತೆ ಮಾಡಲಾಗಿ ಅಪಾಯವೇನೂ ಇಲ್ಲವೆಂದು ಹೇಳಬೇಕಾಯಿತು. ಜಗತ್ತು ನಕ್ಕಿತು. ಇನ್ನು ಮುಂದೆ ಮಾತನಾಡುವುದಕ್ಕೆ ಒಂದು ಕ್ರಮ ಬೇಕೆಂದು ವಿದ್ವಾಂಸರಿಗೆ ತೋರಿದುದು ಸಹಜವೇ.

ಮಾಪಕದಲ್ಲಿ ಸೊನ್ನೆಯಿಂದ ಹತ್ತರವರೆಗೆ ಅಂಕಗಳಿವೆ, ಐದು ಬಣ್ಣಗಳಿವೆ. ಸೊನ್ನೆ ಬಿಳಿ, ಒಂದು ಹಸಿರು, ಎರಡರಿಂದ ನಾಲ್ಕು ಹಳದಿ, ಐದರಿಂದ ಏಳು ಕಿತ್ತಳೆ, ಎಂಟರಿಂದ ಹತ್ತು ಕೆಂಪು. ತಗಲುವ ಸಂಭವ ಎಷ್ಟು, ತಗಲಿದರೆ ಹೊರಬೀಳುವ ಶಕ್ತಿ ಎಷ್ಟು ಎಂಬ ಎರಡು ಸಂಗತಿಗಳನ್ನು ಒಂದೇ ಅಂಕದಲ್ಲಿ ಕೂಡಿಸಲಾಗಿದೆ. ವೈಆರ್ ೪ರ ಅಂಕವು ಮೂರಾಗಿತ್ತು. ಅದಕ್ಕಿಂತ ಮೇಲಕ್ಕೆ ಹೋದ ಕಾಯ ಒಂದೇ, ಅಪೊಫಿಸ್. ೨೦೦೪ರ ಡಿಸೆಂಬರಿನಲ್ಲಿ ಅದರ ಅಂಕ ನಾಲ್ಕಕ್ಕೆ ಏರಿತ್ತು.

ಭೂಕಂಪದ ಅಳತೆಗೆ ರಿಕ್ಟರ್ ಮಾಪಕವಿರುವಂತೆ ಇದಕ್ಕೆ ಇದು ಎಂದು ಸಾಮಾನ್ಯವಾಗಿ ವಿವರಿಸುವುದುಂಟು. ಈ ಹೋಲಿಕೆಯೇ ಎಲ್ಲ ಗೊಂದಲಕ್ಕೂ ಮೂಲವೆಂದು ನನ್ನ ಅಭಿಪ್ರಾಯ. ರಿಕ್ಟರ್ ಮಾಪಕವು ಆಗಿಹೋದ ಸಂಗತಿಯನ್ನು ಅಳೆಯುತ್ತದೆ. ನೆಲ ನಡುಗಿದ ಮೇಲೆ ಅದಕ್ಕೆ ಅಂಕ ದೊರೆಯುತ್ತದೆ. ಟೊರಿನೊ ಮಾಪಕವು ಅಳೆಯುವುದು ಆಗದಿರುವ ಸಂಗತಿಯನ್ನು. ಇನ್ನೂ ಸರಿಯಾಗಿ ಹೇಳಬೇಕಾದರೆ, ಅದರ ವಿಷಯದಲ್ಲಿ ನಮಗಿರುವ ಅರೆತಿಳಿವಳಿಕೆಯನ್ನು. ಒಂದೇ ಕಲ್ಲು, ಒಂದೇ ಗಾತ್ರ, ಒಂದೇ ದಾರಿ: ನಮ್ಮ ವೀಕ್ಷಣೆಗಳು ಹೆಚ್ಚಾದಂತೆ ಅದರ ಅಂಕವು ಒಂದರಿಂದ ಮೂರಕ್ಕೆ ಏರಬಹುದು, ಮೂರರಿಂದ ಸೊನ್ನೆಗೆ ಇಳಿಯಬಹುದು, ಅಥವಾ ಎಂಟಕ್ಕೆ ನೆಗೆಯಲೂಬಹುದು. ಕಲ್ಲಿನಲ್ಲಿ ಯಾವ ಬದಲಾವಣೆಯೂ ಆಗಿರುವುದಿಲ್ಲ. ಅಂಕ ಏರಿತೆಂದರೆ ಅಪಾಯ ಬೆಳೆಯಿತೆಂದು ತಿಳಿಯುವ ಓದುಗನನ್ನು ದೂಷಿಸುವಂತಿಲ್ಲ. ಜ್ವರದ ಅಂಕವೂ ನೆರೆಯ ಅಂಕವೂ ಅವನಿಗೆ ಹಾಗೆಯೇ ಕಲಿಸಿವೆ.

ಫೆಬ್ರವರಿ ತಿಂಗಳ ಏರಿಕೆಗೆ ಕಾರಣವೇನೆಂಬುದನ್ನು ನಮ್ಮ ಕಡೆಯ ಒಂದು ದೃಷ್ಟಾಂತದಿಂದ ವಿವರಿಸಲು ಯತ್ನಿಸುತ್ತೇನೆ. ತಳವಾರಘಟ್ಟದಿಂದ ಆನೆಗೊಂದಿಯ ಕಡೆಗೆ ಹೊರಟ ಹರಿಗೋಲೊಂದು ಸೆಳವಿಗೆ ಸಿಕ್ಕಿ ತೇಲಿಹೋಗುತ್ತಿದೆಯೆಂದು ಭಾವಿಸೋಣ. ಬೆಟ್ಟದ ಮೇಲೆ ನಿಂತವನಿಗೆ ಮೊದಲ ನೋಟದಲ್ಲಿ ಅದು ಆಚೆಯ ದಡದ ನೂರು ಜಾಗಗಳಲ್ಲಿ ಯಾವುದನ್ನಾದರೂ ಮುಟ್ಟಬಹುದೆಂದು ತೋರುತ್ತದೆ. ಆ ನೂರರಲ್ಲಿ ಒಂದು ಕಡೆ ಬಂಡೆಯಿದೆ. ಸಂಭವ ನೂರಕ್ಕೆ ಒಂದು. ಸ್ವಲ್ಪ ಹೊತ್ತು ನೋಡಿದ ಮೇಲೆ ಕೆಳಗಿನ ಐವತ್ತು ಜಾಗಗಳಿಗೆ ಅದು ಹೋಗುವಂತಿಲ್ಲವೆಂದು ಖಚಿತವಾಗುತ್ತದೆ. ಬಂಡೆಯು ಮಾತ್ರ ಉಳಿದ ಐವತ್ತರೊಳಗೇ ಇದೆ. ಸಂಭವ ನೂರಕ್ಕೆ ಎರಡಾಯಿತು. ಇನ್ನಷ್ಟು ನೋಡಿದಾಗ ಮೂವತ್ತೆರಡು ಜಾಗಗಳು ಉಳಿಯುತ್ತವೆ. ಸಂಭವ ಮೂರನ್ನು ಮೀರುತ್ತದೆ. ಮತ್ತೂ ನೋಡಿದಾಗ ಉಳಿದ ಹತ್ತು ಜಾಗಗಳಲ್ಲಿ ಬಂಡೆಯೇ ಇಲ್ಲವೆಂದು ಗೊತ್ತಾಗುತ್ತದೆ. ಸಂಭವ ಒಮ್ಮೆಗೇ ಸೊನ್ನೆ. ಹರಿಗೋಲು ಬಂಡೆಯ ಕಡೆಗೆ ತಿರುಗಿದುದೂ ಇಲ್ಲ, ಅದರಿಂದ ತಪ್ಪಿಸಿಕೊಂಡುದೂ ಇಲ್ಲ. ತಿರುಗಿದುದು ನೋಡುವವನ ಕಣ್ಣು. ವೈಆರ್ ೪ರ ವಿಷಯದಲ್ಲಿ ಆದುದು ಅಕ್ಷರಶಃ ಇದೇ. ಅಂಕಿ ಸೊನ್ನೆಗೆ ಬೀಳುವ ಮುನ್ನ ಏರುವುದು ಈ ಬಗೆಯ ಲೆಕ್ಕದ ಸ್ವಭಾವ. ೨೦೦೪ರಲ್ಲಿ ಅಪೊಫಿಸ್ ವಿಷಯದಲ್ಲಿಯೂ ಹಾಗೆಯೇ ಆಗಿತ್ತು. ಈ ಸ್ವಭಾವವನ್ನು ಮಾಪಕದ ಪಾಠವು ಎಲ್ಲಿಯೂ ಹೊರಗೆಡಹುವುದಿಲ್ಲ. ಹೊಸ ವೀಕ್ಷಣೆಗಳಿಂದ ಅಂಕವು ಬಹುಶಃ ಸೊನ್ನೆಗೆ ಇಳಿಯುವುದೆಂದು ಹಳದಿಯ ಭಾಗದಲ್ಲಿ ಒಂದು ಮಾತು ಇದೆಯೆಂಬುದು ನಿಜ. ಇಳಿಯುವ ಮೊದಲು ಏರುವುದೆಂದು ಹೇಳಿಲ್ಲ. ಓದುಗನಿಗೆ ಬೇಕಾಗಿದ್ದುದು ಆ ಅರ್ಧವೇ.

ಇನ್ನು ಪಾಠಾಂತರದ ವಿಚಾರ. ೧೯೯೯ರ ಪಾಠದಲ್ಲಿ ಹಳದಿಯ ಭಾಗಕ್ಕೆ ಇದ್ದ ಶೀರ್ಷಿಕೆಯ ಅರ್ಥ "ಚಿಂತೆಗೆ ತಕ್ಕ ಘಟನೆಗಳು" ಎಂದು. ೨೦೦೫ರಲ್ಲಿ ಅದನ್ನು ತಿದ್ದಿ "ಖಗೋಳಜ್ಞರ ಗಮನಕ್ಕೆ ತಕ್ಕವು" ಎಂಬರ್ಥದ ಮಾತನ್ನು ಇರಿಸಲಾಯಿತು. ಹಸಿರಿನ "ಎಚ್ಚರದಿಂದ ಗಮನಿಸತಕ್ಕವು" ಎಂಬುದು "ಸಾಮಾನ್ಯ" ಎಂದಾಯಿತು. ಈ ತಿದ್ದುಪಡಿಯನ್ನು ಮಾಪಕದ ಇತಿಹಾಸದಲ್ಲಿ ಅತ್ಯಂತ ವಿವೇಕದ ಕೆಲಸವೆಂದು ನಾನು ಎಣಿಸುತ್ತೇನೆ. ಏಕೆಂದರೆ ಅಲ್ಲಿಯವರೆಗೆ ಯಾರನ್ನೂ ಸಂಬೋಧಿಸದಿದ್ದ ಪಾಠಕ್ಕೆ ಆಗ ಒಬ್ಬ ಸಂಬೋಧಿತನು ದೊರೆತನು. ಮೂರು ಎಂಬ ಅಂಕವು ಪ್ರಧಾನವಾಗಿ ಖಗೋಳಜ್ಞರಿಗೆ ಹೇಳಿದ ಮಾತು: ದೂರದರ್ಶಕಗಳನ್ನು ಈ ಕಡೆಗೆ ತಿರುಗಿಸಿರಿ ಎಂದು. ಘಟನೆಯು ಹತ್ತು ವರ್ಷಗಳೊಳಗಿದ್ದರೆ ಮಾತ್ರ ಸಾರ್ವಜನಿಕರೂ ಅಧಿಕಾರಿಗಳೂ ಗಮನಿಸಬೇಕೆಂದು ಅದರ ಜೊತೆಗೆ ಸೇರಿಸಿದೆ. ೨೦೩೨ನೆಯ ಇಸವಿ ಹತ್ತು ವರ್ಷಗಳೊಳಗೆ ಇದ್ದುದರಿಂದ ಆ ಬಾಲವಾಕ್ಯವೂ ಅನ್ವಯಿಸಿತು. ಆದರೆ ಸಾರ್ವಜನಿಕರು ಗಮನಿಸಿ ಮಾಡಬೇಕಾದುದೇನು? ಪಾಠವು ಮೌನವಾಗಿದೆ.

ಕನ್ನಡಕ್ಕೆ ಬರುವಾಗ ಈ ಒಬ್ಬನೇ ಸಂಬೋಧಿತನೂ ದಾರಿಯಲ್ಲಿ ಬಿದ್ದುಹೋದನು. ನಮ್ಮ ಸುದ್ದಿಗಳಲ್ಲಿ ರೂಢಿಯಾದ ವಾಕ್ಯ "ಭೂಮಿಗೆ ಅಪ್ಪಳಿಸುವ ಸಾಧ್ಯತೆ" ಎಂಬುದು. ಇದರಲ್ಲಿ ಎರಡು ದೋಷಗಳಿವೆ. 'ಅಪ್ಪಳಿಸು' ಎಂಬ ಕ್ರಿಯಾಪದವು ಘಟನೆಯು ಕಣ್ಣೆದುರಿಗೆ ನಡೆಯುತ್ತಿರುವಂತೆ ತೋರಿಸುತ್ತದೆ. ಅದರ ಸದ್ದಿನಲ್ಲಿ ಹಿಂದಿನ ಅಂಕಿ ಕೇಳಿಸುವುದಿಲ್ಲ. 'ಸಾಧ್ಯತೆ' ಎಂಬುದು ಅದಕ್ಕಿಂತ ಸೂಕ್ಷ್ಮವಾದ ದೋಷ. ಅಸಾಧ್ಯವಲ್ಲದುದೆಲ್ಲ ಸಾಧ್ಯ, ಅದಕ್ಕೆ ಅಳತೆಯಿಲ್ಲ. ಅಳತೆಯುಳ್ಳದ್ದು ಸಂಭವನೀಯತೆ. ನಮ್ಮ ಗಣಿತ ಪಠ್ಯಪುಸ್ತಕಗಳು ಈ ಭೇದವನ್ನು ಪಾಲಿಸಿಕೊಂಡು ಬಂದಿವೆ, ವೃತ್ತಪತ್ರಿಕೆಗಳು ಪಾಲಿಸಿಲ್ಲ. ಮೇಲಾಗಿ ಆಡುಮಾತಿನಲ್ಲಿ "ಮಳೆ ಬರುವ ಸಾಧ್ಯತೆ ಇದೆ" ಎಂದರೆ ಕೊಡೆ ತೆಗೆದುಕೊಂಡು ಹೋಗು ಎಂದೇ ಅರ್ಥ. ನೂರಕ್ಕೆ ತೊಂಬತ್ತೇಳು ಭಾಗ ಆಗದಿರುವ ಸಂಗತಿಗೆ ಆ ಮಾತನ್ನು ಬಳಸಿದರೆ ಭಾಷೆಯೇ ಸುಳ್ಳು ಹೇಳಿದಂತಾಗುತ್ತದೆ. 'ಕ್ಷುದ್ರಗ್ರಹ' ಎಂಬ ಪದವೂ ನಿರ್ದೋಷಿಯಲ್ಲ. ವಿದ್ವಾಂಸರಿಗೆ ಅದರಲ್ಲಿ ಕೇಳುವುದು ಸಣ್ಣತನ. ಸಾಮಾನ್ಯರಿಗೆ ಕೇಳುವುದು ಗ್ರಹ, ಅದರ ಬೆನ್ನಿಗೇ ಗ್ರಹಚಾರ. 'ಗಂಡಾಂತರ'ವೆಂಬ ಮಾತೂ ಜ್ಯೋತಿಷ್ಯದಿಂದಲೇ ಬಂದುದು. ಆಕಾಶದ ಅಪಾಯವನ್ನು ಕುರಿತು ಕನ್ನಡದಲ್ಲಿ ಬಾಯಿ ತೆರೆದರೆ ಜೋಯಿಸರ ಮನೆಯ ಪದಗಳೇ ಮೊದಲು ಹೊರಬರುತ್ತವೆ.

ಈ ಮಾತನ್ನು ತಿರಸ್ಕಾರದಿಂದ ಹೇಳಿದ್ದಲ್ಲ. ಜೋಯಿಸರ ಮನೆಯಲ್ಲಿ ನಾವು ಕಲಿಯತಕ್ಕುದೂ ಇದೆ. ಆರನೆಯ ಶತಮಾನದ ವರಾಹಮಿಹಿರನ ಬೃಹತ್ಸಂಹಿತೆಯಲ್ಲಿ ಉಲ್ಕೆಗಳಿಗೆ ಒಂದು ಅಧ್ಯಾಯವೇ ಇದೆ. ಬೀಳುವ ಕಾಯಗಳನ್ನು ಅಲ್ಲಿ ಧಿಷ್ಣ್ಯಾ, ಉಲ್ಕಾ, ಅಶನಿ, ವಿದ್ಯುತ್, ತಾರಾ ಎಂದು ಐದಾಗಿ ವಿಂಗಡಿಸಿದೆ. ಫಲ ಎಷ್ಟು ಎಂಬುದು ಒಂದು ಲೆಕ್ಕ: ತಾರೆಗೆ ಕಾಲು, ಧಿಷ್ಣ್ಯೆಗೆ ಅರ್ಧ, ಉಳಿದ ಮೂರಕ್ಕೆ ಪೂರ್ಣ. ಫಲ ಯಾವಾಗ ಎಂಬುದು ಇನ್ನೊಂದು ಲೆಕ್ಕ: ಕೆಲವಕ್ಕೆ ಆರು ದಿನ, ಕೆಲವಕ್ಕೆ ಒಂದು ಪಕ್ಷ, ಅಶನಿಗೆ ಮೂರು ಪಕ್ಷ. ಯಾರಿಗೆ ಎಂಬುದು ಮೂರನೆಯದು: ಅರಸನಿಗೋ, ನಾಡಿಗೋ, ಇಂಥ ವೃತ್ತಿಯವರಿಗೋ. ಇದರಲ್ಲಿ ಹೇಳಿದ ಫಲಗಳಲ್ಲಿ ಒಂದೂ ನಿಜವಲ್ಲವೆಂಬುದನ್ನು ಬಿಡಿಸಿ ಹೇಳಬೇಕಾಗಿಲ್ಲ. ಆದರೆ ರಚನೆಯನ್ನು ನೋಡಿರಿ. ಎಷ್ಟು, ಯಾವಾಗ, ಯಾರಿಗೆ ಎಂಬ ಮೂರು ಪ್ರಶ್ನೆಗಳಿಗೆ ಮೂರು ಬೇರೆ ಬೇರೆ ಉತ್ತರಗಳು. ಸುಳ್ಳಿನ ಸರಕನ್ನು ಹೊತ್ತ ಆ ಗ್ರಂಥವು ಕೇಳುವವನ ಮನಸ್ಸನ್ನು ಬಲ್ಲದು. ನಿಜದ ಸರಕನ್ನು ಹೊತ್ತ ಟೊರಿನೊ ಮಾಪಕವು ಎಲ್ಲವನ್ನೂ ಒಂದೇ ಅಂಕದಲ್ಲಿ ಕಟ್ಟಿ ಕೊಡುತ್ತದೆ. ಕನ್ನಡದಲ್ಲಿಯೂ ಈ ಪರಂಪರೆಯುಂಟು. ಸುಮಾರು ಕ್ರಿ.ಶ. ೧೩೦೦ರ ರಟ್ಟಕವಿಯ ರಟ್ಟಮತವು ಮಳೆ, ಮಿಂಚು, ಭೂಕಂಪ, ಶಕುನಗಳನ್ನು ಕುರಿತದ್ದೆಂಬುದು ಸಾಹಿತ್ಯಚರಿತ್ರೆಯ ವಿದ್ಯಾರ್ಥಿಗಳಿಗೆ ತಿಳಿದೇ ಇದೆ.

ನಮ್ಮ ಜಿಲ್ಲೆಯ ಹೂವಿನಹಡಗಲಿ ತಾಲ್ಲೂಕಿನ ಮೈಲಾರದಲ್ಲಿ ಪ್ರತಿವರ್ಷವೂ ಭರತ ಹುಣ್ಣಿಮೆಯ ಜಾತ್ರೆಯಲ್ಲಿ ಗೊರವಯ್ಯನು ಬಿಲ್ಲನ್ನೇರಿ ನುಡಿಯುವ ಕಾರ್ಣಿಕವನ್ನು ಇಲ್ಲಿ ನೆನೆಯದಿರಲಾಗುವುದಿಲ್ಲ. ನುಡಿ ಒಂದೇ ಸಾಲು. ಅದರ ಅರ್ಥವನ್ನು ರೈತನು ಮಳೆಗೆ, ರಾಜಕಾರಣಿಯು ಕುರ್ಚಿಗೆ, ವ್ಯಾಪಾರಿಯು ಧಾರಣೆಗೆ ಹಚ್ಚಿಕೊಂಡು ಊರಿಗೆ ಹೋಗುತ್ತಾನೆ. ೨೦೨೫ರಲ್ಲಿ ಆ ಜಾತ್ರೆಯೂ ವೈಆರ್ ೪ರ ಏರಿಕೆಯೂ ಒಂದೇ ತಿಂಗಳಿಗೆ ಬಿದ್ದವು. ಟೊರಿನೊ ಮೂರು ಎಂಬ ನುಡಿಯೂ ನಮ್ಮ ನಡುವೆ ಕಾರ್ಣಿಕದಂತೆಯೇ ವ್ಯಾಖ್ಯಾನಗೊಂಡಿತೆಂದರೆ ವಿದ್ವಾಂಸರಿಗೆ ನೋವಾದೀತು. ಆದರೆ ಒಂದು ಸಾಲನ್ನು ಮಾತ್ರ ಹೇಳಿ ಇಳಿದುಬಿಡುವವರು ವ್ಯಾಖ್ಯಾನದ ಹೊಣೆಯಿಂದ ತಪ್ಪಿಸಿಕೊಳ್ಳಲಾರರು. ವಿಜ್ಞಾನಿಗಳೇ ಹೆಸರಿಡುವಾಗ ಎಷ್ಟು ಎಚ್ಚರದಿಂದಿದ್ದಾರೆ? ಬೆಂಗಳೂರಿನ ಭಾರತೀಯ ಖಭೌತವಿಜ್ಞಾನ ಸಂಸ್ಥೆಯು ತಮಿಳುನಾಡಿನ ಕಾವಲೂರಿನಲ್ಲಿ ನಡೆಸುವ ವೀಕ್ಷಣಾಲಯದಲ್ಲಿ ೧೯೮೦ರ ದಶಕದ ಕೊನೆಯಲ್ಲಿ ಕ್ಷುದ್ರಗ್ರಹಗಳನ್ನು ಹುಡುಕುವ ಯೋಜನೆಯೊಂದು ನಡೆಯಿತು. ೧೯೮೮ರ ಫೆಬ್ರವರಿ ೧೭ರಂದು ಆರ್. ರಾಜಮೋಹನರು ಅಲ್ಲಿ ಕಂಡುಹಿಡಿದ ಕಾಯಕ್ಕೆ ಗಣಿತಜ್ಞ ರಾಮಾನುಜನ್ ಹೆಸರನ್ನಿಟ್ಟರು. ಮದರಾಸಿನಲ್ಲಿ ಪಾಗ್ಸನ್ ೧೮೮೫ರಲ್ಲಿ ಕಂಡುಹಿಡಿದ ಕಾಯದ ಅನಂತರ ಭಾರತದ ನೆಲದಿಂದ ದೊರೆತ ಮೊದಲನೆಯದು ಅದು. ಕೆಲಸ ಅಭಿಮಾನಪಡತಕ್ಕದ್ದು. ಯೋಜನೆಯ ಹೆಸರು ಮಾತ್ರ 'ಕಲ್ಕಿ'. ಯುಗಾಂತ್ಯದ ಅವತಾರದ ಹೆಸರನ್ನು ಆ ಹುಡುಕಾಟಕ್ಕೆ ಇಟ್ಟ ಮೇಲೆ ಜನ ಪ್ರಳಯವನ್ನೇ ಕೇಳಿಸಿಕೊಂಡರೆ ಆಕ್ಷೇಪಿಸುವಂತಿಲ್ಲ.

ವಿದ್ವಾಂಸರು ತಮ್ಮೊಳಗೆ ಬಳಸುವ ಅಳತೆ ಬೇರೆಯೇ ಇದೆ. ಅದರ ಹೆಸರು ಪಾಲೆರ್ಮೊ ಮಾಪಕ. ಒಂದು ಕಲ್ಲಿನಿಂದ ಒದಗುವ ಅಪಾಯವನ್ನು, ಅಷ್ಟೇ ಅವಧಿಯಲ್ಲಿ ಅಷ್ಟೇ ಗಾತ್ರದ ಅಥವಾ ದೊಡ್ಡದಾದ ಇನ್ನಾವುದೋ ಅಜ್ಞಾತ ಕಲ್ಲಿನಿಂದ ಹೇಗೂ ಇರುವ ಅಪಾಯದೊಡನೆ ತೂಗಿ ನೋಡುವುದು ಅದರ ಕ್ರಮ. ಎರಡೂ ಸಮವಾದರೆ ಸೊನ್ನೆ. ನೂರನೆಯ ಒಂದು ಪಾಲಾದರೆ ಋಣ ಎರಡು. ಭೀತಿಯು ಶಿಖರಕ್ಕೇರಿದ್ದ ಫೆಬ್ರವರಿ ೧೮ರಂದು ವೈಆರ್ ೪ರ ಪಾಲೆರ್ಮೊ ಅಂಕವು ಋಣ ೦.೧೮ ಆಗಿತ್ತು. ಅಂದರೆ, ಗೊತ್ತಿಲ್ಲದ ಕಲ್ಲುಗಳಿಂದ ನಾವು ದಿನವೂ ಹೊತ್ತುಕೊಂಡೇ ಬದುಕುತ್ತಿರುವ ಅಪಾಯದಲ್ಲಿ ಸುಮಾರು ಮೂರರಲ್ಲಿ ಎರಡು ಪಾಲು. ಈ ಒಂದು ಮಾತನ್ನು ಕನ್ನಡದಲ್ಲಿ ಹೇಳಿದ್ದರೆ ಎಷ್ಟೋ ನಿದ್ರೆಗಳು ಉಳಿಯುತ್ತಿದ್ದವು. ಅದು ಋಣ ಚಿಹ್ನೆಯುಳ್ಳ ಲಾಗರಿತಮ್ ಆದುದರಿಂದ ಯಾರೂ ಅದರ ಗೋಜಿಗೆ ಹೋಗಲಿಲ್ಲ.

ಆದರೆ ಆ 'ಹೇಗೂ ಇರುವ ಅಪಾಯ'ವನ್ನು ಅರಿಯುವುದಾದರೂ ಹೇಗೆ? ಇಲ್ಲಿ ಚರಿತ್ರೆಯವರಿಗೆ ಮಾತನಾಡಲು ಅಧಿಕಾರವಿದೆ. ಉಲ್ಕಾಶಿಲೆಗಳ ಪಟ್ಟಿಯಲ್ಲಿ ಮೈಸೂರು ಸೀಮೆಯ ಮದ್ದೂರಿನದು ೧೮೬೫ರದು, ಉಡುಪಿಯದು ೧೮೬೬ರದು. ಅವು ಇಂದಿಗೂ ಆ ಕಾಲದ ಇಂಗ್ಲಿಷರ ಕಾಗುಣಿತದಲ್ಲಿಯೇ ಇವೆ. ಎರಡು ವರ್ಷಗಳಲ್ಲಿ ಎರಡು ಬಿದ್ದವೆಂದು, ಆ ಮೊದಲಿನ ಶತಮಾನಗಳಲ್ಲಿ ಕನ್ನಡನಾಡಿನ ಮೇಲೆ ಆಕಾಶವು ಶಾಂತವಾಗಿತ್ತೆಂದು ತೀರ್ಮಾನಿಸಬಹುದೆ? ಆಗ ಹೆಚ್ಚಾದುದು ಉಲ್ಕೆಗಳಲ್ಲ, ಬಿದ್ದುದನ್ನು ಬರೆದಿಟ್ಟು ವಸ್ತುಸಂಗ್ರಹಾಲಯಕ್ಕೆ ಕಳುಹಿಸುವ ಕಚೇರಿಗಳು. ನಮ್ಮ ಶಾಸನಗಳು ಗ್ರಹಣಗಳನ್ನು ಎಡೆಬಿಡದೆ ದಾಖಲಿಸಿರುವುದು ಗ್ರಹಣಕಾಲದ ದಾನಕ್ಕೆ ಪುಣ್ಯವಿದ್ದುದರಿಂದ. ಕಲ್ಲು ಬಿದ್ದ ದಿನ ದಾನ ಕೊಟ್ಟರೆ ವಿಶೇಷ ಪುಣ್ಯವೆಂದು ಯಾರೂ ಹೇಳಲಿಲ್ಲ. ಆದುದರಿಂದ ದಾಖಲೆಯೂ ಇಲ್ಲ. ದಾಖಲೆಯ ಮೌನವನ್ನು ಘಟನೆಯ ಅಭಾವವೆಂದು ಓದುವುದು ನಮ್ಮ ವಿದ್ಯೆಯಲ್ಲಿ ಮೊದಲ ವರ್ಷದ ತಪ್ಪು. ಮಹಾರಾಷ್ಟ್ರದ ಲೋಣಾರಿನಲ್ಲಿ ಸುಮಾರು ೧.೮ ಕಿಲೋಮೀಟರು ಅಗಲದ ಉಲ್ಕಾಕುಳಿಯಿದೆ. ಅದರ ವಯಸ್ಸು ಒಂದು ವಿಧಾನದಿಂದ ಸುಮಾರು ೫೨,೦೦೦ ವರ್ಷ, ಇನ್ನೊಂದು ವಿಧಾನದಿಂದ ಸುಮಾರು ೫,೭೦,೦೦೦ ವರ್ಷ. ಹತ್ತು ಪಟ್ಟಿಗೂ ಮೀರಿದ ಅಂತರ! ಅಂಥ ಕುಳಿಗಳ ವಯಸ್ಸಿನ ಮೇಲೆ, ಚಂದ್ರನ ಕುಳಿಗಳ ಎಣಿಕೆಯ ಮೇಲೆ, ದೂರದರ್ಶಕಗಳ ಸಮೀಕ್ಷೆಯ ಮೇಲೆ ಆ 'ಹೇಗೂ ಇರುವ' ಅಂಕಿ ನಿಂತಿದೆ.

(ಪ್ರತಿವರ್ಷವೂ ಸಂಡೂರಿನ ಕಡೆಯಿಂದ ಯಾರಾದರೊಬ್ಬ ವಿದ್ಯಾರ್ಥಿ ಕಪ್ಪಾದ, ತೂಕದ ಕಲ್ಲೊಂದನ್ನು ತಂದು ಉಲ್ಕೆಯೆಂದು ಮೇಜಿನ ಮೇಲಿಡುವುದುಂಟು. ಒರಟು ಬಿಳಿ ಹಂಚಿನ ಮೇಲೆ ಗೀಚಿದರೆ ಕೆಂಪು ಗೆರೆ ಮೂಡುತ್ತದೆ. ಅದು ನಮ್ಮ ಬೆಟ್ಟಗಳ ಕಬ್ಬಿಣದ ಅದಿರೇ. ಹಂಪಿಯ ಬಂಡೆಗಳೂ ಆಕಾಶದಿಂದ ಬಿದ್ದವಲ್ಲ, ವಾಲಿಸುಗ್ರೀವರು ಎಸೆದವೂ ಅಲ್ಲ. ಮಳೆಬಿಸಿಲುಗಳಿಗೆ ಬಿರಿದು ಸವೆದು ನಿಂತ ಗ್ರಾನೈಟಿನ ಶಿಲೆಗಳು.)

ಸೊನ್ನೆಯ ವಿಷಯವಾಗಿಯೂ ಒಂದು ಆಕ್ಷೇಪವಿದೆ. ವಾತಾವರಣದಲ್ಲಿಯೇ ಉರಿದುಹೋಗುವಷ್ಟು ಚಿಕ್ಕ ಕಾಯಗಳು ಖಂಡಿತವಾಗಿ ತಗಲುವುದಾದರೂ ಮಾಪಕದಲ್ಲಿ ಅವುಗಳ ಅಂಕ ಸೊನ್ನೆ. ಗಡಿಯು ಸುಮಾರು ಇಪ್ಪತ್ತು ಮೀಟರು. ೨೦೧೩ರ ಫೆಬ್ರವರಿ ೧೫ರಂದು ರಷ್ಯದ ಚೆಲ್ಯಾಬಿನ್‌ಸ್ಕ್ ನಗರದ ಮೇಲೆ ಸಿಡಿದ ಕಾಯವು ಹೆಚ್ಚುಕಡಮೆ ಅದೇ ಗಾತ್ರದ್ದು. ಸೂರ್ಯನಿರುವ ದಿಕ್ಕಿನಿಂದ ಬಂದುದರಿಂದ ಅದನ್ನು ಯಾರೂ ಮುಂಚಿತವಾಗಿ ಕಂಡಿರಲಿಲ್ಲ. ಸುಮಾರು ೧,೫೦೦ ಮಂದಿ ಗಾಯಗೊಂಡರು. ಬಹುಪಾಲು ಒಡೆದ ಕಿಟಕಿ ಗಾಜುಗಳಿಂದ. ಬೆಳಕನ್ನು ನೋಡಲು ಕಿಟಕಿಯ ಬಳಿಗೆ ಓಡಿದವರಿಗೆ, ಬೆಳಕು ಮೊದಲು, ಸದ್ದು ಅನಂತರ ಬರುವುದೆಂಬ ಒಂದು ಸಾಲಿನ ತಿಳಿವಳಿಕೆಯಿದ್ದಿದ್ದರೆ ಸಾಕಾಗಿತ್ತು. ಯಾವ ಮಾಪಕವೂ ಅವರಿಗೆ ಅದನ್ನು ಕೊಟ್ಟಿರಲಿಲ್ಲ.

ಈಗ ತುಂಗಭದ್ರೆಗೆ ಬರೋಣ. ೨೦೨೪ನೆಯ ಆಗಸ್ಟ್ ೧೦ರ ರಾತ್ರಿ ಹೊಸಪೇಟೆಯ ಅಣೆಕಟ್ಟಿನ ಹತ್ತೊಂಬತ್ತನೆಯ ಕ್ರೆಸ್ಟ್ ಗೇಟಿನ ಚೈನು ಕಡಿದು ಗೇಟು ಕೊಚ್ಚಿಹೋಯಿತು. ಅದೊಂದೇ ಕಿಂಡಿಯಿಂದ ಸುಮಾರು ೩೫,೦೦೦ ಕ್ಯೂಸೆಕ್ ನೀರು ಹೊರನುಗ್ಗಿತು. ಒತ್ತಡವನ್ನು ಇಳಿಸುವುದಕ್ಕಾಗಿ ಉಳಿದ ಗೇಟುಗಳನ್ನೂ ತೆರೆಯಬೇಕಾಯಿತು. ಒಂದು ವಾರದೊಳಗೆ, ಹರಿಯುವ ನೀರಿನಲ್ಲಿಯೇ, ಕನ್ನಯ್ಯ ನಾಯ್ಡು ಅವರ ಮಾರ್ಗದರ್ಶನದಲ್ಲಿ ಸ್ಟಾಪ್‌ಲಾಗ್‌ಗಳನ್ನು ಇಳಿಸಿ ಕಿಂಡಿಯನ್ನು ಮುಚ್ಚಿದ ಕೆಲಸವನ್ನು ಈ ಭಾಗದ ಜನ ಮರೆಯರು. ಮೂವತ್ತಮೂರು ಗೇಟುಗಳಲ್ಲಿ ಒಂದರ ಚೈನು ಆ ವರ್ಷ ಕಡಿಯುವ ಸಂಭವ ಎಷ್ಟೆಂದು ಯಾರೂ ನಮಗೆ ಅಂಕವನ್ನು ಕೊಟ್ಟಿರಲಿಲ್ಲ. ಆದರೂ ಆ ರಾತ್ರಿ ನದೀಪಾತ್ರದ ಊರುಗಳಿಗೆ ಹೋದ ಎಚ್ಚರಿಕೆಯನ್ನು ಯಾರೂ ತಪ್ಪಾಗಿ ತಿಳಿಯಲಿಲ್ಲ. ಏಕೆಂದರೆ ನಮ್ಮಲ್ಲಿ ಕ್ಯೂಸೆಕ್ ಎಂಬುದು ಬರಿಯ ಅಂಕಿಯಲ್ಲ. ಅದಕ್ಕೆ ಜಾಗಗಳ ಹೆಸರಿವೆ. ಹೊರಹರಿವು ಹೆಚ್ಚಿದರೆ ಹಂಪಿಯಲ್ಲಿ ಪುರಂದರ ಮಂಟಪ ಮುಳುಗುತ್ತದೆ. ಇನ್ನೂ ಹೆಚ್ಚಿದರೆ ಕಂಪ್ಲಿ-ಗಂಗಾವತಿ ಸೇತುವೆಯ ಮೇಲೆ ಸಂಚಾರ ನಿಲ್ಲುತ್ತದೆ. ಅನಂತರ ಕಂಪ್ಲಿಯ ಕೋಟೆಯ ಮನೆಗಳವರು ಸಾಮಾನು ಕಟ್ಟುತ್ತಾರೆ. ಮಂಟಪ, ಸೇತುವೆ, ಕೋಟೆ: ಇದೊಂದು ಮಾಪಕ. ಇದನ್ನು ಯಾವ ಸಮ್ಮೇಳನವೂ ಅಂಗೀಕರಿಸಿಲ್ಲ.

ಈ ನದಿಯ ಬಳಿ ಬೇರೆ ಬಗೆಯ ಮಾತೂ ಕೇಳಿಬಂದಿತ್ತು. ಕೃಷ್ಣದೇವರಾಯನು ಹೊಸಪೇಟೆಯ ಬಳಿ ಎರಡು ಗುಡ್ಡಗಳ ನಡುವೆ ಕ���್ಟಿಸಿದ ದೊಡ್ಡ ಕೆರೆಯನ್ನು ಪೋರ್ತುಗೀಸ್ ಪ್ರವಾಸಿ ಡೊಮಿಂಗೊ ಪಾಯೆಸ್ ಕಣ್ಣಾರೆ ನೋಡಿ ಬರೆದಿದ್ದಾನೆ. ಹದಿನೈದು ಇಪ್ಪತ್ತು ಸಾವಿರ ಜನ ಇರುವೆಗಳಂತೆ ದುಡಿಯುತ್ತಿದ್ದರೂ ಏರಿಯು ಎರಡು ಮೂರು ಸಲ ಒಡೆದುದರಿಂದ ಅರಸನು ಕಾರಣ ಕೇಳಿದನೆಂದೂ, ದೇವರಿಗೆ ನರಬಲಿ ಬೇಕೆಂಬ ಉತ್ತರ ಬಂದಿತೆಂದೂ, ಅದರಂತೆ ನಡೆಯಿತೆಂದೂ ಅವನ ಹೇಳಿಕೆ. ನೂನಿಜನು ಪೋರ್ತುಗೀಸ್ ಕಲ್ಲುಕೆಲಸದವನೊಬ್ಬನ ಸಲಹೆಯನ್ನೂ ಹೇಳುತ್ತಾನೆ. ಏರಿ ಏಕೆ ಒಡೆಯುತ್ತದೆಯೆಂಬ ಪ್ರಶ್ನೆಗೆ ಒಂದೇ ಆಸ್ಥಾನದಲ್ಲಿ ಶಿಲ್ಪಿಯ ಉತ್ತರವೂ ಶಕುನದ ಉತ್ತರವೂ ಜೊತೆಯಾಗಿ ನಿಂತಿದ್ದವು. ಶಕುನದ ಉತ್ತರವು ಮಾಡಬೇಕಾದುದನ್ನು ಸ್ಪಷ್ಟವಾಗಿ ಹೇಳಿತು. ಅದರ ಬಲವೆಲ್ಲ ಆ ಸ್ಪಷ್ಟತೆಯಲ್ಲಿತ್ತು, ಅದರ ಘೋರವೂ ಅಲ್ಲಿಯೇ ಇತ್ತು.

ಖಚಿತವಾಗುವವರೆಗೆ ಜನಕ್ಕೆ ಹೇಳದಿರುವುದೇ ಲೇಸೆಂದು ವಾದಿಸುವವರಿದ್ದಾರೆ. ನಾನು ಒಪ್ಪಲಾರೆ. ವೀಕ್ಷಣೆಯ ಅಂಕಿಅಂಶಗಳು ಈಗ ಎಲ್ಲರಿಗೂ ತೆರೆದಿವೆ. ಲೆಕ್ಕ ಬಲ್ಲವರು ಯಾವ ದೇಶದಲ್ಲಿದ್ದರೂ ಮಾಡಿಕೊಳ್ಳಬಹುದು. ಮುಚ್ಚಿಟ್ಟರೆ ಉಳಿಯುವುದು ಗುಟ್ಟಲ್ಲ, ಗುಮಾನಿ. ಮತ್ತೊಂದು ಕಾರಣವನ್ನು ನಮ್ಮ ಕಾಲಜ್ಞಾನ ಸಾಹಿತ್ಯವು ಒದಗಿಸುತ್ತದೆ. ವಿದ್ಯಾರಣ್ಯರ ಹೆಸರಿನಲ್ಲಿ ಪ್ರಚಾರದಲ್ಲಿರುವ ಕಾಲಜ್ಞಾನದ ಪಾಠಗಳು ವಿಜಯನಗರದ ಅರಸರ ಸರದಿಯನ್ನು ಭವಿಷ್ಯದ ರೂಪದಲ್ಲಿ ಹೇಳುತ್ತವೆ. ನಡೆದುಹೋದ ಮೇಲೆ ಬರೆದ ಭಾಗಗಳು ಸರಿಯಾಗಿಯೇ ಇರುತ್ತವೆ; ಎಲ್ಲಿಂದ ತಪ್ಪು ಮೊದಲಾಗುವುದೋ ಅಲ್ಲಿ ಗ್ರಂಥದ ಕಾಲ ಸಿಕ್ಕಿತೆಂದು ನಾವು ನಿರ್ಣಯಿಸುತ್ತೇವೆ. ಎಂದೂ ತಪ್ಪದ ಎಚ್ಚರಿಕೆ ಬೇಕೆನ್ನುವವರು ಕೇಳುತ್ತಿರುವುದು ಇಂಥ ಕಾಲಜ್ಞಾನವನ್ನು. ಮುಂಚಿತವಾಗಿ ನುಡಿದು, ಅಂಕಿಯನ್ನು ದಿನದಿನವೂ ತಿದ್ದಿ, ಕೊನೆಗೆ ಬಹಿರಂಗವಾಗಿ ಹಿಂತೆಗೆದುಕೊಂಡ ೨೦೨೫ರ ಲೆಕ್ಕವು ಅದಕ್ಕಿಂತ ಪ್ರಾಮಾಣಿಕವಾದುದು. ಅಮೆರಿಕದವರ ೩.೧ಕ್ಕೆ ಪ್ರತಿಯಾಗಿ ಯೂರೋಪಿನವರ ಶಿಖರ ೨.೮ ಆಗಿತ್ತೆಂಬುದನ್ನೂ ಅವರು ಬಚ್ಚಿಡಲಿಲ್ಲ. ನನ್ನ ಆಕ್ಷೇಪ ಅವರು ಮಾತನಾಡಿದುದಕ್ಕಲ್ಲ, ಅರ್ಧ ಮಾತನಾಡಿದುದಕ್ಕೆ.

ಯಾವ ಎಚ್ಚರಿಕೆ ಯಾರಿಗೆ ತಲುಪುತ್ತದೆಯೆಂಬುದಕ್ಕೆ ೨೦೦೪ರ ಡಿಸೆಂಬರ್ ಒಂದು ಕ್ರೂರ ಸಾಕ್ಷಿ. ೨೭ರಂದು ಅಪೊಫಿಸ್‌ನ ಸಂಭವವು ನೂರಕ್ಕೆ ೨.೭ಕ್ಕೆ ಮುಟ್ಟಿತು. ಅದರ ಹಿಂದಿನ ದಿನ ಸುಮಾತ್ರದ ಬಳಿಯ ಭೂಕಂಪದಿಂದೆದ್ದ ಸುನಾಮಿಯು ಎರಡು ಲಕ್ಷಕ್ಕೂ ಮಿಕ್ಕಿದ ಜನರನ್ನು ಬಲಿತೆಗೆದುಕೊಂಡಿತ್ತು. ಇಪ್ಪತ್ತೈದು ವರ್ಷಗಳ ಆಚೆಯ ಕಲ್ಲಿಗೆ ಅಂಕ, ಬಣ್ಣ, ಹೆಸರು ಎಲ್ಲವೂ ಸಿದ್ಧವಾಗಿದ್ದವು. ಎರಡು ಗಂಟೆಗಳ ಆಚೆಯಿದ್ದ ಅಲೆಯನ್ನು ತಮಿಳುನಾಡಿನ ಕರಾವಳಿಗೆ ತಿಳಿಸುವ ಬಾಯಿ ಇರಲಿಲ್ಲ. ಹಿಂದೂ ಮಹಾಸಾಗರದ ಮುನ್ಸೂಚನಾ ಕೇಂದ್ರವು ಹೈದರಾಬಾದಿನಲ್ಲಿ ಕೆಲಸ ತೊಡಗಿದುದು ೨೦೦೭ರಲ್ಲಿ.

ಹಾಗಾದರೆ ವೈಆರ್ ೪ರ ಸುದ್ದಿಯನ್ನು ಕನ್ನಡದಲ್ಲಿ ಹೇಗೆ ಹೇಳಬಹುದಾಗಿತ್ತು? ಬರೆದು ನೋಡಿದ್ದೇನೆ. ಸುಮಾರು ಅರವತ್ತು ಮೀಟರಿನ ಕಲ್ಲು. ೨೦೩೨ರ ಡಿಸೆಂಬರಿನಲ್ಲಿ ಅದು ಭೂಮಿಗೆ ತಗಲದೆ ಹೋಗುವ ಸಂಭವ ನೂರಕ್ಕೆ ತೊಂಬತ್ತೇಳು. ತಗಲಿದರೆ ೧೯೦೮ರಲ್ಲಿ ಸೈಬೀರಿಯದ ತುಂಗುಸ್ಕದಲ್ಲಿ ಆದಂಥ ಹಾನಿಯಾದೀತು. ಅಲ್ಲಿ ಉರುಳಿದ ಕಾಡು ಎರಡು ಸಾವಿರ ಚದರ ಕಿಲೋಮೀಟರಿಗೂ ಹೆಚ್ಚು. ಅದನ್ನು ವೃತ್ತವೆಂದು ಭಾವಿಸಿ ಹಂಪಿಯನ್ನು ನಡುವಿಗಿಟ್ಟರೆ ಹೊಸಪೇಟೆ, ಕಂಪ್ಲಿಗಳು ಒಳಗೆ ಬಂದು ಸಂಡೂರಿನ ಬೆಟ್ಟಗಳ ತಪ್ಪಲಿನವರೆಗೆ ಮುಟ್ಟುತ್ತದೆ. ಅಂಕಿಯು ಇನ್ನೂ ಏರಿ, ಅನಂತರ ಸೊನ್ನೆಗೆ ಬೀಳುವ ನಿರೀಕ್ಷೆಯಿದೆ. ಈಗ ಕೆಲಸವಿರುವುದು ದೂರದರ್ಶಕದವರಿಗೆ. ಬೀಳುವುದು ಖಚಿತವಾದರೆ ಜಾಗ ತೆರವುಮಾಡಲು ವರ್ಷಗಳ ಅವಕಾಶವಿದೆ. ೨೦೨೨ರ ಸೆಪ್ಟೆಂಬರ್ ೨೬ರಂದು ಡಾರ್ಟ್ ನೌಕೆಯನ್ನು ಡೈಮಾರ್ಫಸ್ ಎಂಬ ಕಾಯಕ್ಕೆ ಹಾಯಿಸಿ ಅದರ ಸುತ್ತುಗಾಲವನ್ನು ಅರ್ಧ ಗಂಟೆಗೂ ಮಿಗಿಲಾಗಿ ಕಡಮೆ ಮಾಡಿದ ಅನುಭವವೂ ಇದೆ. ಇದಿಷ್ಟು ಹದಿನೈದು ಇಪ್ಪತ್ತು ಸಾಲುಗಳಲ್ಲಿ ಮುಗಿಯುತ್ತದೆ. ಬಣ್ಣವಾಗಲಿ ಅಂಕವಾಗಲಿ ಇದರಲ್ಲಿ ಬೇಕಾಗಲಿಲ್ಲ. ಕಂಪ್ಲಿಯ ವಿದ್ಯಾರ್ಥಿಗೆ ಇದನ್ನು ಓದಲು ಕೊಟ್ಟಾಗ ಅವನು, "ಹಂಗಾರ ಬಿಟ್ಟರೂ ಬಿಡಬಹುದು ಅಂದಂಗ, ಆದ್ರ ಗೇಟು ಇನ್ನಾ ಮುಚ್ಚೇ ಐತಿ" ಎಂದನು. ಇದಕ್ಕಿಂತ ಉತ್ತಮವಾದ ಭಾಷಾಂತರ ನನ್ನಿಂದಾಗದು.

೨೦೨೯ನೆಯ ಏಪ್ರಿಲ್ ೧೪ರ ನಸುಕಿನಲ್ಲಿ, ನಮ್ಮ ಗಡಿಯಾರದ ಮೂರೂಕಾಲು ಗಂಟೆಯ ಹೊತ್ತಿಗೆ, ಅಪೊಫಿಸ್ ಭೂಮಿಯ ಮೇಲ್ಮೈಯಿಂದ ಸುಮಾರು ೩೨,೦೦೦ ಕಿಲೋಮೀಟರು ದೂರದಲ್ಲಿ ಹಾದುಹೋಗಲಿದೆ. ಇನ್ನು ನೂರು ವರ್ಷಗಳವರೆಗೆ ಅದರಿಂದ ಭೂಮಿಗೆ ಅಪಾಯವಿಲ್ಲವೆಂದು ೨೦೨೧ರಲ್ಲಿಯೇ ನಿಶ್ಚಯವಾಗಿದೆ. ಟೊರಿನೊ ಮಾಪಕದಲ್ಲಿ ಅದರ ಅಂಕ ಈಗ ಸೊನ್ನೆ. ಆ ವಾರದ ಕನ್ನಡ ಪತ್ರಿಕೆಗಳ ತಲೆಬರಹಗಳನ್ನು ಕತ್ತರಿಸಿಡುವಂತೆ ವಿದ್ಯಾರ್ಥಿಗಳಿಗೆ ಈಗಲೇ ಹೇಳಿಟ್ಟಿದ್ದೇನೆ. ೨೦೨೫ರ ಫೆಬ್ರವರಿಯ ಕತ್ತರಿಕೆಗಳು ವಿಭಾಗದ ಕಪಾಟಿನಲ್ಲಿ ಒಂದು ಕಡತದಲ್ಲಿವೆ. ಆಸಕ್ತರು ಬಂದು ನೋಡಬಹುದು.